ಎರಡು ಪಂಪು, ಒಂದು ಬಾವಿ

ಜನವರಿ 5, 2025, ಆದಿತ್ಯವಾರ

ಇಂದು ಬೆಂಜಮಿನ್‌ಗಿಂತ ಮೊದಲು ನಾನು ಪಂಪು ಹಾಕಿದೆ. ನಿನ್ನೆ ಅವನು ಗೆದ್ದಿದ್ದ.

ಬಾವಿ ಇರುವುದು ಎರಡು ಮನೆಗಳ ಗಡಿಯ ಮೇಲೆ. ಬೆಂಜಮಿನ್‌ನ ಅಜ್ಜ ನನ್ನ ಅಜ್ಜನಿಂದ ಜಾಗ ಕೊಂಡಾಗ ಬಾವಿಯನ್ನು ಏನು ಮಾಡುವುದೆಂದು ತೋಚದೆ ಅದರ ನೆತ್ತಿಯ ಮೇಲೆಯೇ ಕಂಪೌಂಡ್ ಗೋಡೆ ಹಾಯಿಸಿಬಿಟ್ಟರಂತೆ. ಅರ್ಧ ಬಾವಿ ನಮ್ಮ ಕಡೆ, ಅರ್ಧ ಅವರ ಕಡೆ. ಅವರದೊಂದು ಪಂಪು, ನಮ್ಮದೊಂದು ಪಂಪು. ಗೋಡೆ ಮೇಲೆಯೇ ನಿಂತಿದೆ, ಕೆಳಗೆ ನೀರು ಒಂದೇ.

ನಾನು ಮಸ್ಕತ್ ಬಿಟ್ಟು ಶಂಕರಪುರಕ್ಕೆ ಬಂದು ಕೂತ ಮೇಲೆ ಬಾವಿ ಇಷ್ಟು ಬೇಗ ಇಳಿದದ್ದು ಇದೇ ಮೊದಲು. ಕ್ರಿಸ್‌ಮಸ್ ಮುಗಿದದ್ದೇ ತಡ, ಒಳಗಿನ ಮೆಟ್ಟಿಲು ಒಂದೊಂದಾಗಿ ಕಾಣತೊಡಗಿತು. ವಾರಿಜಳ ಮಲ್ಲಿಗೆ ಗಿಡಗಳಿಗೆ ದಿನವೂ ನೀರು ಬೇಕು. ನಾನು ಊರಿನಲ್ಲಿ ಇಲ್ಲದ ಕಾಲದಲ್ಲಿ ಅವಳೊಬ್ಬಳೇ ಸಾಕಿ ಬೆಳೆಸಿದ ತೋಟ ಅದು. ಬೇಸಿಗೆಯ ಹೂವು ಕೈಗೆ ಬರಬೇಕಾದರೆ ಈಗ ಗಿಡ ಬಾಡಬಾರದು. ಗಂಡನಾಗಿ ಇಷ್ಟಾದರೂ ಮಾಡದಿದ್ದರೆ ಹೇಗೆ ಎಂದು ನಾನು ಕೋಳಿ ಕೂಗುವ ಮೊದಲೇ ಏಳುತ್ತಿದ್ದೇನೆ.

"ಇಡೀ ಬಾವಿ ನಮಗೊಬ್ಬರಿಗೇ ಉಂಟಾ? ಅವರ ಗಿಡಕ್ಕೂ ಬೇಡವಾ?" ಎಂದಳು ವಾರಿಜ.

"ಅದನ್ನು ಬೆಂಜಮಿನ್‌ನ ಹತ್ತಿರ ಕೇಳು" ಎಂದೆ.

ಕೇಳುವುದಿಲ್ಲ ಎಂದು ಗೊತ್ತು. ಅವಳಿಗೂ ಬೆಂಜಮಿನ್‌ನ ಹೆಂಡತಿ ರೋಸಲಿನ್‌ಗೂ ಅಷ್ಟು ಸ್ನೇಹ. ಇವಳು ಅವರನ್ನು ಕರೆಯುವುದೇ 'ರೋಸಿ ಬಾಯಿ' ಎಂದು. ಬೆಳಗ್ಗೆ ಕೊಯ್ದ ಮೊಗ್ಗನ್ನು ಬುಟ್ಟಿಯಲ್ಲಿ ಹಾಕಿಕೊಂಡು ರೋಸಲಿನ್‌ನ ಜಗಲಿಗೆ ಹೋದರೆ, ಇಬ್ಬರೂ ಬಾಳೆನಾರಿನಲ್ಲಿ ಹೂ ಕಟ್ಟುತ್ತ, ಊರಿನ ಸುದ್ದಿಯನ್ನೆಲ್ಲ ಅದರ ಜೊತೆಯೇ ಕಟ್ಟಿ ಮುಗಿಸುತ್ತಾರೆ. ವಾರಿಜ ಮದುವೆಯಾಗಿ ಬಂದ ವರ್ಷದಿಂದ ಇದು ಹೀಗೆಯೇ ನಡೆದಿದೆ.

ಜನವರಿ 8, ಬುಧವಾರ

ಕಾರ್ಕಳದಿಂದ ಯಶ್ಮಿತಾಳ ಫೋನು. ಅಕ್ಕನ ಮಗಳು, ಅಲ್ಲಿಯ ಕಾಲೇಜಿನಲ್ಲಿ ಪಾಠ ಮಾಡುತ್ತಾಳೆ.

"ಮಾಮ, ನಮ್ಮ ಮಕ್ಕಳಿಗೆ ನೀವೊಂದು ಉಪನ್ಯಾಸ ಕೊಡ್ಬೇಕು. ಸುಸ್ಥಿರ ಅಭಿವೃದ್ಧಿಯ ಬಗ್ಗೆ. ಪರಿಕಲ್ಪನೆ ಎಂತದು, ಹೇಗೆ ಬೆಳೆದು ಬಂತು ಅಂತ. ನೀವು ಮಸ್ಕತ್‌ನಲ್ಲಿ ಪರಿಸರ ವಿಭಾಗದಲ್ಲಿ ಇದ್ದದ್ದಲ್ವಾ?"

ಕಂಪೆನಿಯ ಪರಿಸರ ಮತ್ತು ಸುರಕ್ಷತೆ ವಿಭಾಗದಲ್ಲಿ ಇದ್ದದ್ದು ಹೌದು. ಹೆಲ್ಮೆಟ್ ಇಲ್ಲದೆ ತಿರುಗುವವರನ್ನು ಹಿಡಿಯುವುದು, ನೀರು ಪೋಲು ಮಾಡಬೇಡಿ ಎಂಬ ಫಲಕವನ್ನು ನಾಲ್ಕು ಭಾಷೆಗಳಲ್ಲಿ ನಲ್ಲಿಗಳ ಮೇಲೆ ಅಂಟಿಸುವುದು ನನ್ನ ಕೆಲಸವಾಗಿತ್ತು. ಅದನ್ನೆಲ್ಲ ಅವಳಿಗೆ ಬಿಡಿಸಿ ಹೇಳಲು ಹೋಗಲಿಲ್ಲ. ಫೆಬ್ರವರಿಯಲ್ಲಿ ಬರುತ್ತೇನೆ ಎಂದೆ.

ಎರಡು ವರ್ಷದಿಂದ ನನ್ನನ್ನು ಯಾರೂ ಏನೂ ಕೇಳಿರಲಿಲ್ಲ. ಬಹಳ ಖುಷಿಯಾಯಿತು. ವಾರಿಜಳಿಗೆ ಹೇಳಿದೆ. "ಅಂದರೆ ಎಂತ ಅದು?" ಎಂದಳು. ನಾಡಿದ್ದು ಓದಿಕೊಂಡು ಬಂದು ಹೇಳುತ್ತೇನೆ ಎಂದೆ.

ಜನವರಿ 10, ಶುಕ್ರವಾರ

ಪರಿಚಯದವರೊಬ್ಬರನ್ನು ಹಿಡಿದು ಮಣಿಪಾಲದ ಗ್ರಂಥಾಲಯಕ್ಕೆ ಹೋಗಿ ಇಡೀ ದಿನ ಕೂತೆ. ಎಸಿ ಜೋರು. ಎದುರಿನ ಹುಡುಗಿ ಪುಸ್ತಕ ತೆರೆದಿಟ್ಟು ಚೆನ್ನಾಗಿ ನಿದ್ದೆ ಮಾಡಿದಳು. ನಾನು ಮಾತ್ರ ಓದಿದೆ.

ವಿಷಯ ಬಹಳ ಸ್ವಾರಸ್ಯವಾಗಿದೆ. ಮುನ್ನೂರು ವರ್ಷ ಹಿಂದೆ ಜರ್ಮನಿಯಲ್ಲಿ ಬೆಳ್ಳಿ ಕರಗಿಸಲು ಮರ ಸುಟ್ಟು ಸುಟ್ಟು ಕಾಡೇ ಮುಗಿಯುತ್ತ ಬಂತಂತೆ. ಆಗ ಗಣಿಯ ಅಧಿಕಾರಿಯೊಬ್ಬ, ಬೆಳೆಯುವಷ್ಟೇ ಕಡಿಯಿರಿ, ಅದಕ್ಕಿಂತ ಹೆಚ್ಚು ಬೇಡ ಎಂದನಂತೆ. ಜನ ಹೂಂ ಎಂದು ತಲೆಯಾಡಿಸಿ ಮರೆತರು. 1972ರಲ್ಲಿ ದೇಶದೇಶದವರು ಸ್ಟಾಕ್‌ಹೋಮಿನಲ್ಲಿ ಸೇರಿ ಭೂಮಿಯ ಗತಿಯೇನು ಎಂದು ಚಿಂತಿಸಿದರು. ಬಡ ದೇಶಗಳು, ನಮಗೆ ಮೊದಲು ಹೊಟ್ಟೆ ತುಂಬಬೇಕು ಎಂದವು. ಎರಡನ್ನೂ ಹೊಂದಿಸಲು ವಿಶ್ವಸಂಸ್ಥೆ ಆಯೋಗ ಮಾಡಿತು. 1987ರಲ್ಲಿ ಅದರ ವರದಿ ಬಂತು. ಇಂದಿನವರು ತಮ್ಮ ಅಗತ್ಯ ಪೂರೈಸಿಕೊಳ್ಳಲಿ, ಆದರೆ ಮುಂದೆ ಬರುವವರ ಪಾಲಿಗೆ ಕೈ ಹಾಕದಿರಲಿ ಎಂಬುದು ಅದರ ಸಾರ. ಆಮೇಲೆ 1992ರಲ್ಲಿ ರಿಯೋದ ಸಮ್ಮೇಳನ, 2015ರಲ್ಲಿ ಹದಿನೇಳು ಗುರಿಗಳು.

ಮುಂದೆ ಬರುವವರ ಪಾಲಿಗೆ ಕೈ ಹಾಕಬಾರದು. ಎಷ್ಟು ದೊಡ್ಡ ಮಾತು! ಅದನ್ನು ಭಾಷಣದ ಮೊದಲ ಹಾಳೆಯಲ್ಲೇ ಬರೆದುಕೊಂಡೆ.

ಮನೆಗೆ ಬಂದವನೇ ಸಂಜೆಯೂ ಒಮ್ಮೆ ಪಂಪು ಹಾಕಿದೆ. ನಾಳೆ ಬೆಂಜಮಿನ್ ಬೇಗ ಏಳುವ ಸಂಭವವಿದೆ.

ಜನವರಿ 13, ಸೋಮವಾರ

ಇಂದು ಇಬ್ಬರೂ ಒಟ್ಟಿಗೇ ಪಂಪು ಹಾಕಿದೆವು. ಎರಡೂ ಪೈಪಿನಲ್ಲಿ ಕೆಸರು ಬಂತು.

ಗೋಡೆಯ ಆಚೆ ಅವನು, ಈಚೆ ನಾನು. ಬೆಂಜಮಿನ್‌ಗೆ ಸಿಟ್ಟು ಬಂದರೆ ಕೊಂಕಣಿ ಬರುತ್ತದೆ, ನನಗೆ ತುಳು. ಆದರೂ ಇಬ್ಬರಿಗೂ ಎಲ್ಲವೂ ಅರ್ಥವಾಯಿತು. ಕೊನೆಗೆ ಅವನು ಕನ್ನಡಕ್ಕೆ ಇಳಿದು, "ಮಸ್ಕತ್‌ನಲ್ಲಿ ಸಮುದ್ರದ ನೀರು ಕುಡಿದವರಿಗೆ ಬಾವಿಯ ಬೆಲೆ ಎಂತ ಗೊತ್ತುಂಟು!" ಎಂದ. ಮೈಯೆಲ್ಲ ಉರಿಯಿತು. ಆ ಮಾತಿಗೆ ತಕ್ಕ ಉತ್ತರ ಮಧ್ಯಾಹ್ನ ಊಟಕ್ಕೆ ಕೂತಾಗ ಹೊಳೆಯಿತು, ಏನು ಪ್ರಯೋಜನ?

ತೀರ್ಮಾನ ಮಾಡಿಬಿಟ್ಟೆ. ನನ್ನ ಜಾಗದಲ್ಲಿ ನನ್ನದೇ ಬೋರ್‌ವೆಲ್. ಬಾವಿಯನ್ನು ಅವನೇ ಇಟ್ಟುಕೊಳ್ಳಲಿ. ಉದ್ಯಾವರದ ಧನರಾಜ್‌ಗೆ ಫೋನು ಮಾಡಿದೆ. ಬೋರ್ ಕೊರೆಯುವ ಲಾರಿ ಅವನ ಹತ್ತಿರ ಇದೆ.

ಜನವರಿ 15, ಬುಧವಾರ

ಧನರಾಜ್ ಬಂದ. ಜೊತೆಯಲ್ಲಿ ಪೆರ್ಡೂರಿನಿಂದ ಚೆನ್ನಪ್ಪ ಎಂಬವರನ್ನು ಕರೆದುಕೊಂಡು ಬಂದಿದ್ದ. ಅಂಗೈಯಲ್ಲಿ ತೆಂಗಿನಕಾಯಿ ಅಡ್ಡ ಮಲಗಿಸಿಕೊಂಡು ನಡೆಯುತ್ತಾರೆ. ಕೆಳಗೆ ನೀರಿದ್ದ ಕಡೆ ಕಾಯಿ ತಾನಾಗಿ ಎದ್ದು ನಿಲ್ಲುತ್ತದಂತೆ. ನಾನು ವಿಜ್ಞಾನದ ಮನುಷ್ಯ, ನಂಬುವುದಿಲ್ಲ. ಆದರೂ ಅವರ ಹಿಂದೆಯೇ ಬಾಯಿ ತೆರೆದುಕೊಂಡು ನಡೆದೆ.

ಮಲ್ಲಿಗೆ ತೋಟದಲ್ಲಿ ಕಾಯಿ ಅಲ್ಲಾಡಲಿಲ್ಲ. ತೆಂಗಿನ ಬುಡದಲ್ಲೂ ಇಲ್ಲ. ಮನೆಗೆ ಎರಡು ಸುತ್ತು ಬಂದ ಮೇಲೆ ಬಾವಿಯ ಹತ್ತಿರ, ಕಂಪೌಂಡ್ ಗೋಡೆಗೆ ತಾಗಿಕೊಂಡ ಮೂಲೆಯಲ್ಲಿ ನೆಟ್ಟಗೆ ಎದ್ದು ನಿಂತಿತು.

"ಒಳ್ಳೆ ಒರತೆ ಉಂಟು" ಎಂದರು ಚೆನ್ನಪ್ಪ.

"ಬಾವಿಯ ಒರತೆಯೇ ಅಲ್ವಾ ಅದು?" ಅಡುಗೆಮನೆಯ ಬಾಗಿಲಿನಿಂದ ವಾರಿಜ ಕೇಳಿದಳು. "ಇಲ್ಲಿ ಕೊರೆದರೆ ಬಾವಿಗೆ ಎಂತ ಉಳೀತದೆ? ರೋಸಿ ಬಾಯಿಯವರು ಎಂತ ಮಾಡ್ಬೇಕು?"

ಚೆನ್ನಪ್ಪ ಕಾಯಿಯನ್ನು ಚೀಲಕ್ಕೆ ಹಾಕಿಕೊಂಡರು. ಧನರಾಜ್ ಚಹಾ ಕುಡಿಯುವುದರಲ್ಲಿ ಮುಳುಗಿದ. ಕೊನೆಗೆ ನಾನೇ, ಭೂಮಿಯ ಒಳಗೆ ನೀರಿನ ಪದರಗಳು ಬೇರೆ ಬೇರೆ ಇರುತ್ತವೆ ಎಂದು ಒಂದಷ್ಟು ವಿವರಿಸಿದೆ. ಅವಳು ಪೂರ್ತಿ ಕೇಳದೆ ಒಳಗೆ ಹೋದಳು.

ಜನವರಿ 16, ಗುರುವಾರ

ಬೆಳಗ್ಗೆ ಗಂಜಿ, ಉಪ್ಪಿನಕಾಯಿ. ಮಧ್ಯಾಹ್ನ ಗಂಜಿ, ಉಪ್ಪಿನಕಾಯಿ. ರಾತ್ರಿ ಏನೆಂದು ಕೇಳುವ ಧೈರ್ಯ ಮಾಡಲಿಲ್ಲ. ಗಂಜಿ.

ಜನವರಿ 18, ಶನಿವಾರ

ಇಂದು ವಾರಿಜ ಮೊಗ್ಗಿನ ಬುಟ್ಟಿ ಹಿಡಿದು ಆಚೆ ಹೋದವಳು ಹೋದಷ್ಟೇ ಬೇಗ ವಾಪಸು ಬಂದಳು. ರೋಸಲಿನ್ ಜಗಲಿಯಲ್ಲಿ ಇರಲಿಲ್ಲವಂತೆ. ಹಿತ್ತಿಲ ಬದಿಯಲ್ಲಿ ಒಬ್ಬರೇ ಕೂತು ಕಟ್ಟುತ್ತಿದ್ದರಂತೆ. ಕರೆಯಲಿಲ್ಲ. ಇವಳೂ ಹೋಗಲಿಲ್ಲ.

ಸ್ವಲ್ಪ ಹೊತ್ತಿಗೆ ರೋಸಲಿನ್ ಗೋಡೆಯ ಹತ್ತಿರ ಬಂದು ನನ್ನನ್ನೇ ಕರೆದರು. "ಉಮಾನಾಥಣ್ಣ, ನಿಮ್ಮ ಬೋರ್ ಆದ ಮೇಲೆ ಬಾವಿಗೆ ಒಂದು ಬಲೆ ಹಾಕಿಸುವ. ಒಣಗಿದ ಬಾವಿಗೆ ಬೆಕ್ಕು ಬೀಳ್ತದೆ." ಅಷ್ಟೇ ಹೇಳಿ, ತೆಳುವಾಗಿ ಸೀಳಿದ ಬಾಳೆನಾರಿನ ಕಟ್ಟೊಂದನ್ನು ಗೋಡೆಯ ಮೇಲಿಟ್ಟು ಹೋದರು. ನಾರು ತೆಗೆಯುವುದು ಯಾವತ್ತೂ ಅವರ ಪಾಲಿನ ಕೆಲಸ. ಜಗಳದಲ್ಲೂ ಅದನ್ನು ಬಿಟ್ಟಿರಲಿಲ್ಲ.

ವಾರಿಜ ನಮ್ಮ ಚಾವಡಿಯಲ್ಲಿ ಒಬ್ಬಳೇ ಕೂತು ಕಟ್ಟಿದಳು. ಮಾತಿಲ್ಲದೆ ಅವಳ ಕೈಯೂ ಓಡಲಿಲ್ಲ. ಕಟ್ಟಿದ ಹೂವಿನ ನಾಲ್ಕು ಚೆಂಡು ಸೇರಿದರೆ ಮಾರಾಟದ ಒಂದು ಅಟ್ಟೆ. ಅಷ್ಟು ಮುಗಿಯುವಾಗ ಹೂ ಒಯ್ಯುವವನು ಬಂದು ಗೇಟಿನಲ್ಲಿ ಕಾಯುತ್ತಿದ್ದ.

ನನಗೆ ಕೆಟ್ಟದೆನಿಸಿತು. ಸಮಾಧಾನ ಮಾಡಲು ಸುಸ್ಥಿರ ಅಭಿವೃದ್ಧಿಯ ಮೂರು ಕಂಬಗಳನ್ನು ವಿವರಿಸಿದೆ. ಆರ್ಥಿಕತೆ, ಸಮಾಜ, ಪರಿಸರ. ಬೋರ್ ಬಂದರೆ ಹೂವು ಹೆಚ್ಚುತ್ತದೆ, ಅದು ಆರ್ಥಿಕತೆ. ಗಿಡ ಹಸಿರಾಗಿರುತ್ತದೆ, ಅದು ಪರಿಸರ.

"ಸಮಾಜ?" ಎಂದಳು.

ಅದನ್ನು ಇನ್ನೂ ಸರಿಯಾಗಿ ಓದಿಲ್ಲ ಎಂದೆ.

ಜನವರಿ 21, ಮಂಗಳವಾರ

ಮನೆಯಲ್ಲಿ ಭಾಷಣ ಅಭ್ಯಾಸ ಮಾಡುವ ವಾತಾವರಣವಿಲ್ಲ. ಬಸ್ಸು ಹತ್ತಿ ಕಾಪುವಿಗೆ ಹೋದೆ. ದೀಪಸ್ತಂಭದ ಬಂಡೆಗಳ ಹತ್ತಿರ ನಿಂತು ಸಮುದ್ರಕ್ಕೇ ಭಾಷಣ ಮಾಡಿದೆ. ಅಲೆಗಳ ಸದ್ದಿಗೆ ದನಿ ಏರಿಸಬೇಕಾಯಿತು, ಕೈ ಎತ್ತಬೇಕಾಯಿತು. ಹದಿನೇಳು ಗುರಿಗಳಲ್ಲಿ ಹನ್ನೊಂದರವರೆಗೆ ಬಂದಾಗ ಹಿಂದೆ ಯಾರೋ ಚಪ್ಪಾಳೆ ತಟ್ಟಿದರು. ನೋಡಿದರೆ ಐಸ್‌ಕ್ರೀಮ್ ಮಾರುವವನು.

"ಯಾವ ಪಾರ್ಟಿ, ಸರ್?" ಎಂದು ಕೇಳಿದ.

ಒಂದು ಐಸ್‌ಕ್ರೀಮ್ ತಿಂದೆ. ಗಂಜಿಯ ಬಾಯಿಗೆ ಬಹಳ ರುಚಿಸಿತು. ಬರುವಾಗ ಬಂಗುಡೆ ಮೀನು ತಂದೆ. ವಾರಿಜ ಪುಳಿಮುಂಚಿ ಮಾಡಿ, ಅರ್ಧವನ್ನು ಪಾತ್ರೆಯಲ್ಲಿ ಹಾಕಿ ಗೋಡೆಯ ಮೇಲಿಟ್ಟು ಬಂದಳು. ಸಂಜೆ ನೋಡಿದಾಗ ಪಾತ್ರೆ ತೊಳೆದು ಅಲ್ಲೇ ಇಟ್ಟಿತ್ತು, ಒಳಗೆ ನಾಲ್ಕು ಚಿಕ್ಕು ಹಣ್ಣು. ಹೆಂಗಸರ ಈ ವ್ಯವಹಾರ ನನಗೆ ಅರ್ಥವಾಗುವುದಿಲ್ಲ.

ಜನವರಿ 23, ಗುರುವಾರ

ಲಾರಿ ಶನಿವಾರ ಬರುತ್ತದೆ. ಆದರೆ ಮನೆಗೆ ತಿರುಗುವ ದಾರಿಯ ಮಣ್ಣು ಮೆದು, ಭಾರದ ಚಕ್ರ ಹೂತುಹೋಗುತ್ತದೆ, ಗಟ್ಟಿ ಹಲಗೆ ಹಾಸಬೇಕು ಎಂದ ಧನರಾಜ್. ಹಲಗೆಗೆ ಎಲ್ಲಿಗೆ ಹೋಗುವುದು? ಮುದ್ದಣ್ಣನ ಹತ್ತಿರ ಹೋದೆ. ಮುದ್ದಣ್ಣ ನಮ್ಮ ಯುವಕ ಮಂಡಲದ ಅಧ್ಯಕ್ಷ. ಮೊಮ್ಮಗನ ನಾಮಕರಣವಾದರೂ ಯುವಕನ ಪಟ್ಟ ಬಿಟ್ಟಿಲ್ಲ.

"ಹಲಗೆ ಅಲ್ವಾ? ಬನ್ನಿ ಮಾರಾಯ್ರೆ, ಎಷ್ಟು ಬೇಕು ನಿಮಗೆ!" ಎಂದು ಮಂಡಲದ ಶೆಡ್ಡಿನ ಬಾಗಿಲು ತೆಗೆದ. ಒಳಗೆ ರಾಶಿ ರಾಶಿ ಹಲಗೆ, ಒಂದೊಂದೂ ಕೈಯಗಲ ದಪ್ಪ, ಕಪ್ಪು ಎಣ್ಣೆ ಕುಡಿದು ಕಬ್ಬಿಣದ ಹಾಗಿತ್ತು. ನವೆಂಬರಿನಲ್ಲಿ ಯಕ್ಷಗಾನ ಬಯಲಾಟಕ್ಕೆ ರಂಗಸ್ಥಳ ಮಾಡಿದ್ದು ಇದರಿಂದಲೇ ಎಂದ. ಆ ರಾತ್ರಿ ಅತಿಥಿಯಾಗಿ ಅದರ ಮೇಲೆ ನಿಂತು ಮಾತಾಡಿದವನು ನಾನು. ರಾಕ್ಷಸ ವೇಷ ಕುಣಿದರೂ ಸ್ವಲ್ಪವೂ ಅಲುಗದ ವೇದಿಕೆ ಎಂದು ಹೊಗಳಿದ್ದೂ ನೆನಪಿದೆ. ಬೇಕಾದಷ್ಟನ್ನು ಟೆಂಪೋದಲ್ಲಿ ಹೇರಿಸಿ ತಂದೆ.

ಜನವರಿ 25, ಶನಿವಾರ

ಇಂದಿನದನ್ನು ನಿಧಾನವಾಗಿ ಬರೆಯಬೇಕು.

ಬೆಳಗ್ಗೆಯೇ ಲಾರಿ ಬಂತು. ದಾರಿಯುದ್ದಕ್ಕೂ ಹಲಗೆ ಹಾಸಿ ಆಗಿತ್ತು. ಮುಂದಿನ ಚಕ್ರ ಮೊದಲ ಹಲಗೆಯನ್ನು ಹತ್ತಿತು. ಲಾರಿಯ ಆರ್ಭಟಕ್ಕೆ ಬೆಂಜಮಿನ್, ರೋಸಲಿನ್ ಇಬ್ಬರೂ ಅವರ ಗೇಟಿಗೆ ಬಂದರು. ರೋಸಲಿನ್‌ನ ಕೈಯಲ್ಲಿ ಮೊಗ್ಗಿನ ಬುಟ್ಟಿ ಹಾಗೆಯೇ ಇತ್ತು. ಅವರು ಲಾರಿಯನ್ನು ನೋಡಲಿಲ್ಲ, ನೆಲ ನೋಡಿದರು.

"ಉಮಾನಾಥಣ್ಣ, ಇದು ಕಿಂಡಿ ಅಣೆಕಟ್ಟಿನ ಹಲಗೆ ಅಲ್ವಾ?"

"ಅಲ್ಲ, ಯುವಕ ಮಂಡಲದ್ದು" ಎಂದೆ.

ಬೆಂಜಮಿನ್ ಬಗ್ಗಿ ಹಲಗೆಯ ತುದಿ ಒರೆಸಿದ. "ಹೋದ ವರ್ಷ ಇದಕ್ಕೆ ಎಣ್ಣೆ ಹಚ್ಚಿದ್ದು ನಾನು! ಇದು ಇಲ್ಲಿದ್ದರೆ ತೋಡಿನಲ್ಲಿ ಎಂತ ಉಂಟು?"

ತೋಟದ ಹಿಂದೆ ಹರಿಯುವ ತೋಡಿಗೆ ಕೆಳಗಡೆ ಒಂದು ಸಣ್ಣ ಅಣೆಕಟ್ಟು ಇದೆಯಂತೆ. ಮಳೆ ನಿಂತ ಮೇಲೆ ಅದರ ಕಿಂಡಿಗಳಿಗೆ ಎರಡು ಸಾಲು ಹಲಗೆ ಇಳಿಸಿ, ನಡುವೆ ಮಣ್ಣು ತುಂಬಿದರೆ ನೀರು ನಿಂತು, ಸುತ್ತಲಿನ ಬಾವಿಗಳ ಒರತೆ ಉಳಿಯುತ್ತದಂತೆ. ಮೊದಲ ಮಳೆ ಬಿದ್ದ ಕೂಡಲೇ ಹಲಗೆ ತೆಗೆಯಬೇಕಂತೆ. ನಾನು ಊರಿಗೆ ಬಂದ ಮೇಲೆ ಆ ಕಡೆ ಒಮ್ಮೆಯೂ ಹೋಗಿರಲಿಲ್ಲ.

ಮುದ್ದಣ್ಣನನ್ನು ಕರೆಸಿದೆವು. ತಲೆ ಕೆರೆದುಕೊಂಡು ಬೆಂಜಮಿನ್‌ನ ಕಡೆ ತಿರುಗಿದ. "ಹಾಕ್ಲಿಕ್ಕೆ ಅಂತಲೇ ತೆಗೆದದ್ದು ಪೊರ್ಬುಗಳೇ. ಅಷ್ಟರಲ್ಲಿ ಆಟ ಬಂತು. ಆಟ ಮುಗಿದ ಮೇಲೆ ಹಾಕುವ ಅಂತ ಇದ್ದೆವು. ಮತ್ತೆ ನಾನು ಹುಡುಗರು ಹಾಕಿರ್ಬಹುದು ಅಂತ, ಹುಡುಗರು ನಾನು ಹಾಕಿರ್ಬಹುದು ಅಂತ..."

ಇಡೀ ಊರಿನ ಬಾವಿ ಇಳಿದದ್ದು ಇದಕ್ಕೆ. ನಾನು ಬೆಂಜಮಿನ್‌ನ ಪಂಪನ್ನು, ಅವನು ನನ್ನ ಪಂಪನ್ನು ಶಪಿಸುತ್ತ ಕೂತಿದ್ದೆವು.

ಆದರೂ ಲಾರಿ ಬಂದು ನಿಂತಿದೆಯಲ್ಲ. ಕರೆಸಿದವನು ನಾನು, ಹಿಂದೆ ಕಳಿಸುವುದು ಮರ್ಯಾದೆಯೇ? "ಇವತ್ತು ಬೋರ್ ಮುಗಿಯಲಿ. ನಾಳೆ ಹಲಗೆ ಒಯ್ಯಿರಿ" ಎಂದೆ.

"ನಾಳೆ ನಾಳೆ ಅಂತ ನವೆಂಬರಿನಿಂದ ಆಯ್ತಲ್ಲ!" ಎಂದಳು ವಾರಿಜ. ಅವಳು ಹೊರಗೆ ಬಂದದ್ದು ನನಗೆ ಗೊತ್ತೇ ಇರಲಿಲ್ಲ. ಬುಟ್ಟಿ ಹಿಡಿದು ಬಂದವಳು ಲಾರಿಯ ಎದುರು ಹಲಗೆಯ ಮೇಲೆ ಕಾಲು ಚಾಚಿ ಕೂತಳು. ಮಡಿಲಲ್ಲಿ ಹೂ ಸುರಿದುಕೊಂಡು ಕಟ್ಟಲು ಶುರುಮಾಡಿದಳು. ಎಲ್ಲರೂ ನೋಡುತ್ತ ನಿಂತೆವು. ರೋಸಲಿನ್ ಸೀರೆಯ ಸೆರಗು ಸರಿಮಾಡಿಕೊಂಡು ಹೋಗಿ ಪಕ್ಕದಲ್ಲಿ ಕೂತರು. ಸೊಂಟಕ್ಕೆ ಸಿಕ್ಕಿಸಿದ್ದ ನಾರಿನ ಕಟ್ಟು ತೆಗೆದು ನಡುವೆ ಇಟ್ಟರು.

"ಮೊನ್ನೆಯ ಪುಳಿಮುಂಚಿಗೆ ಖಾರ ಜಾಸ್ತಿಯಾಗಿತ್ತು" ಎಂದರು ರೋಸಲಿನ್.

"ಸಿಟ್ಟಿನಲ್ಲಿ ಮಾಡಿದ್ದಲ್ವಾ ಬಾಯಿ" ಎಂದಳು ವಾರಿಜ.

ಚಾಲಕ ಹಾರ್ನ್ ಹೊಡೆದ. ಇಬ್ಬರೂ ತಲೆ ಎತ್ತಲಿಲ್ಲ. ಹೂ ಒಯ್ಯುವವನು ಬಂದು ಲಾರಿಯ ಹಿಂದೆ ಸೈಕಲ್ ನಿಲ್ಲಿಸಿ ಕಾದ. ಧನರಾಜ್ ನನ್ನ ಹತ್ತಿರ ಬಂದು ಮೆಲ್ಲಗೆ, "ಸರ್, ಎಂತಹ ಕಲ್ಲನ್ನಾದರೂ ಕೊರೀತೇನೆ. ಇದು ನನ್ನ ಮಿಷನ್‌ಗೆ ಆಗ್ಲಿಕ್ಕಿಲ್ಲ" ಎಂದ. ಬೆಂಜಮಿನ್‌ಗೆ ನಗು ತಡೆಯಲಾಗಲಿಲ್ಲ. ಅವನ ನಗು ನೋಡಿ ನನಗೂ ಬಂತು. ಹೂ ಕಟ್ಟಿ ಮುಗಿಯುವ ಮೊದಲೇ ಲಾರಿ ಹಿಂದಕ್ಕೆ ಹೋಯಿತು.

ಬೋರ್ ಬೇಡವೆಂದು ನಾನೇನೂ ಹೇಳಿಲ್ಲ. ಸ್ವಲ್ಪ ಮುಂದೆ ಹಾಕಿದ್ದೇನೆ, ಅಷ್ಟೇ.

ಜನವರಿ 26, ಆದಿತ್ಯವಾರ

ಶಾಲೆಯಲ್ಲಿ ಧ್ವಜಾರೋಹಣ ಮುಗಿಸಿ ಎಲ್ಲರೂ ತೋಡಿಗೆ ಇಳಿದೆವು. ಬೆಂಜಮಿನ್ ಇಗರ್ಜಿಯ ಪೂಜೆಯಿಂದ ಒಳ್ಳೆಯ ಪ್ಯಾಂಟಿನಲ್ಲೇ ಬಂದವನು ಅದನ್ನು ಮಡಚಿ ಇಳಿದ. ನೀರು ಸಪೂರವಾಗಿದ್ದರೂ ಹರಿಯುತ್ತಿತ್ತು. ಇನ್ನೂ ತಡವಾಗಿದ್ದರೆ ಹಲಗೆ ಹಾಕಿ ತಡೆಯಲು ಏನೂ ಇರುತ್ತಿರಲಿಲ್ಲವಂತೆ.

ಹಲಗೆಯ ಒಂದು ತುದಿ ಅವನು, ಇನ್ನೊಂದು ತುದಿ ನಾನು. ಕಿಂಡಿಯ ಬದಿಯ ಸೀಳಿಗೆ ಸರಿಯಾಗಿ ಕೂರಿಸುವುದು ಕಾಣುವಷ್ಟು ಸುಲಭವಲ್ಲ. "ನಿನ್ನ ಕಡೆ ಇಳಿಸು", "ನಿನ್ನ ಕಡೆ ಎತ್ತು" ಎಂದು ಇಬ್ಬರೂ ಕಿರುಚಿದೆವು. ಮುದ್ದಣ್ಣ ಮತ್ತು ಅವನ ಯುವಕರು ಮಣ್ಣು ಹೊತ್ತರು. ನಾನು ಒಮ್ಮೆ ಜಾರಿ ಕುತ್ತಿಗೆಯವರೆಗೆ ಕೆಸರಿನಲ್ಲಿ ಕೂತೆ. ಅದನ್ನು ಯಾರೋ ಮೊಬೈಲಿನಲ್ಲಿ ಹಿಡಿದು ಊರಿಗೆಲ್ಲ ಕಳಿಸಿದ್ದಾರೆ. ಮಧ್ಯಾಹ್ನ ರೋಸಲಿನ್ ಇಡ್ಲಿಯಂಥ ಸನ್ನಾಸ್ ಮಾಡಿದ್ದರು, ವಾರಿಜ ಕೋಳಿ ಸಾರು. ತೋಡಿನ ದಂಡೆಯಲ್ಲೇ ಊಟ. ಎಷ್ಟು ತಿಂದೆನೋ ಲೆಕ್ಕವಿಲ್ಲ. ಇಷ್ಟು ಸಂತೋಷವಾಗಿ ನಾನು ದಣಿದದ್ದು ಯಾವಾಗ ಎಂದು ನೆನಪಾಗುವುದಿಲ್ಲ.

ಭಾಷಣ ಓದಲು ಸಮಯ ಸಿಗಲಿಲ್ಲ.

ಜನವರಿ 30, ಗುರುವಾರ

ಮೈಕೈ ನೋವು. ಬಾವಿಯಲ್ಲಿ ವಿಶೇಷವಿಲ್ಲ. ತೋಡಿನಲ್ಲಿ ಮಾತ್ರ ನೀರು ನಿಂತಿದೆ, ಅದನ್ನು ನೋಡಲು ಬೆಳಗ್ಗೆ ಒಮ್ಮೆ, ಸಂಜೆ ಒಮ್ಮೆ ಹೋಗುತ್ತೇನೆ. ಒಂದು ಕಡೆ ಸೋರುತ್ತಿತ್ತು, ಮಣ್ಣು ಮೆತ್ತಿ ಬಂದೆ. ನೀರು ಏರುವವರೆಗೆ ಪಂಪು ದಿನಕ್ಕೊಬ್ಬರು ಹಾಕುವುದು, ಗಿಡದ ಬುಡಕ್ಕೆ ಒಣ ಎಲೆ ಮುಚ್ಚುವುದು ಎಂದು ಬೆಂಜಮಿನ್ ಜೊತೆ ಮಾತಾಯಿತು.

ಫೆಬ್ರವರಿ 4, ಮಂಗಳವಾರ

ಬಾವಿಯಲ್ಲಿ ಒಂದು ಮೆಟ್ಟಿಲು ಮುಳುಗಿದೆ! ಬೆಂಜಮಿನ್‌ನನ್ನು ಕೂಗಿ ಕರೆದೆ. ಅವನೂ ಬಂದು ಬಗ್ಗಿದ. ಗೋಡೆಯ ಎರಡು ಬದಿಯಿಂದ ಇಬ್ಬರೂ ಬಹಳ ಹೊತ್ತು ಒಳಗೆ ನೋಡುತ್ತ ನಿಂತೆವು.

ಧನರಾಜ್ ಫೋನು ಮಾಡಿದ್ದ. ಲಾರಿ ಈಗ ಬಿಡುವಾಗಿದೆಯಂತೆ. ಅವನು ಏಕೆ ಫೋನು ಮಾಡಿದ್ದೆಂದು ತಿಳಿಯಲು ಸ್ವಲ್ಪ ಹೊತ್ತು ಹಿಡಿಯಿತು.

ಫೆಬ್ರವರಿ 8, ಶನಿವಾರ

ಕಾರ್ಕಳದ ಉಪನ್ಯಾಸ ಮುಗಿಯಿತು. ಚೆನ್ನಾಗಿ ಆಗಲಿಲ್ಲ.

ಹಾಳೆಗಳೆಲ್ಲ ಕ್ರಮವಾಗಿದ್ದವು. ಜರ್ಮನಿಯ ಕಾಡಿನವರೆಗೆ ಓದಿದೆ. ಸ್ಟಾಕ್‌ಹೋಮಿಗೆ ಬಂದಾಗ ಹಿಂದಿನ ಸಾಲಿನ ಹುಡುಗರು ಆಕಳಿಸಿದರು. ಅದನ್ನು ನೋಡಿ, ಸರಿ, ನಿಮಗೆ ಒಂದು ಬಾವಿಯ ವಿಷಯ ಹೇಳುತ್ತೇನೆ ಎಂದು ಶುರುಮಾಡಿದವನಿಗೆ ನಿಲ್ಲಿಸಲು ಆಗಲಿಲ್ಲ. ಎರಡು ಪಂಪು, ತೆಂಗಿನಕಾಯಿ, ಲಾರಿಯ ಎದುರು ಕೂತ ಇಬ್ಬರು ಹೆಂಗಸರು, ಕೆಸರಿನಲ್ಲಿ ಬಿದ್ದ ನಾನು. ಮಕ್ಕಳು ಬೆಂಚು ಬಡಿದು ನಕ್ಕರು. ಉಪನ್ಯಾಸದ ಗಾಂಭೀರ್ಯವೇ ಹೋಯಿತು.

ಕೊನೆಯಲ್ಲಿ ಒಬ್ಬ ಹುಡುಗಿ ಎದ್ದು, "ಸರ್, ಮುಂದೆ ಬರುವವರು ಅಂದರೆ ಎಷ್ಟು ವರ್ಷ ಮುಂದಿನವರು?" ಎಂದು ಕೇಳಿದಳು.

ಅದಕ್ಕೆ ಹಾಳೆಯಲ್ಲಿ ಉತ್ತರ ಇರಲಿಲ್ಲ. ಬಾಯಿಗೆ ಬಂದದ್ದನ್ನು ಹೇಳಿದೆ. "ವರ್ಷ ಎಲ್ಲಿಂದ ಬಂತಮ್ಮ? ನಮ್ಮಲ್ಲಿ ಅದು ಮೇ ತಿಂಗಳು. ಮತ್ತೆ ಗೋಡೆಯ ಆಚೆಯವರು." ಅದಕ್ಕೂ ಚಪ್ಪಾಳೆ ತಟ್ಟಿದರು, ಏಕೋ ತಿಳಿಯದು.

ಬಸ್ ನಿಲ್ದಾಣಕ್ಕೆ ಬಿಡಲು ಬಂದ ಯಶ್ಮಿತಾ, "ಮಾಮ, ರಿಯೋ ಬಿಟ್ಟುಹೋಯ್ತು. ಹದಿನೇಳು ಗುರಿಯೂ ಬಿಟ್ಟುಹೋಯ್ತು" ಎಂದು ನಕ್ಕಳು. ನನಗೆ ನಾಚಿಕೆಯಾಯಿತು. ಹನ್ನೊಂದರವರೆಗೆ ಬಾಯಿಪಾಠವಿತ್ತು ಎಂದೆ.

ಫೆಬ್ರವರಿ 16, ಆದಿತ್ಯವಾರ

ಮುದ್ದಣ್ಣ ಬಂದಿದ್ದ. ಮುಖವೆಲ್ಲ ನಗು.

"ಉಮಾನಾಥಣ್ಣ, ಮುಂದಿನ ಶನಿವಾರ ನಮ್ಮ ವಾರ್ಷಿಕೋತ್ಸವ. ಈ ಸಲದ ಸನ್ಮಾನ ನಿಮಗೇ ಅಂತ ಎಲ್ಲರೂ ಒಂದೇ ಬಾಯಿಯಲ್ಲಿ ಹೇಳಿದ್ದಾರೆ! ಕಾರ್ಕಳದಲ್ಲಿ ನೀವು ಭಾರೀ ಮಾತಾಡಿದ್ರಂತೆ. ಶಾಲು, ಪೇಟ, ಹಾರ, ಫಲಕ. ವಾರಿಜಕ್ಕನನ್ನೂ ಸ್ಟೇಜಿಗೆ ಕರೀತೇವೆ."

ಎದೆ ಉಬ್ಬಿಹೋಯಿತು. ಇಷ್ಟು ವರ್ಷ ಪರದೇಶದಲ್ಲಿ ದುಡಿದು ಬಂದವನಿಗೆ ಊರು ಕರೆದು ಕೂರಿಸಿ ಪೇಟ ತೊಡಿಸುವುದೆಂದರೆ ಸಣ್ಣ ವಿಷಯವೇ? ಯಾವ ಷರ್ಟು ಹಾಕುವುದು, ಎರಡು ಮಾತು ಏನು ಹೇಳುವುದು ಎಂದು ಅಲ್ಲೇ ಯೋಚನೆ ಶುರುವಾಯಿತು.

"ಒಂದು ಸಣ್ಣ ವಿಷಯ ಉಂಟು" ಎಂದ. "ಸ್ಟೇಜಿಗೆ ಹಲಗೆ ಬೇಕಿತ್ತು. ಎರಡೇ ದಿನ. ಮುಗಿದ ಕೂಡಲೇ ವಾಪಸು ಹಾಕುವ."

"ಆಗುವುದಿಲ್ಲ" ಎಂದೆ.

ಯಾರೋ ಬೇರೆಯವರು ಹೇಳಿದ ಹಾಗೆ ಕೇಳಿಸಿತು. ಮುದ್ದಣ್ಣನೂ ಹಾಗೆಯೇ ಹಿಂದೆ ತಿರುಗಿ ನೋಡಿದ.

"ಸನ್ಮಾನ ನಿಮಗೇ ಮಾರಾಯ್ರೆ!"

"ಗೊತ್ತುಂಟು."

"ಸ್ಟೇಜ್ ಇಲ್ಲದೆ ಎಂತ ಸನ್ಮಾನ? ನೆಲದಲ್ಲಿ ಮಾಡ್ಲಿಕ್ಕೆ ಆಗ್ತದಾ? ಹಿಂದಿನವರಿಗೆ ಕಾಣುವುದು ಬೇಡವಾ?" ಬಹಳ ಹೊತ್ತು ಪರಿಪರಿಯಾಗಿ ಹೇಳಿದ. ಕೊನೆಗೆ ಎದ್ದು ನಿಂತ. "ಹಾಗಾದ್ರೆ ನೀವು ಹಲಗೆ ಯಾವಾಗ ಬಿಡ್ತೀರಿ?"

"ಮಳೆ ಬಂದ ಮೇಲೆ."

"ಮಳೆ ಬಂದ ಮೇಲೆ ಯಾರು ಮಾರಾಯ್ರೆ ಸ್ಟೇಜ್ ಹಾಕ್ತಾರೆ?"

"ಅದಕ್ಕೇ ಹೇಳಿದ್ದು" ಎಂದೆ.

ಅವನು ಹೋದ ಮೇಲೆ ಬಹಳ ಬೇಸರವಾಯಿತು, ಸುಳ್ಳೇಕೆ ಹೇಳಲಿ? ಪೇಟ ನನ್ನ ತಲೆಗೆ ಚೆನ್ನಾಗಿ ಒಪ್ಪುತ್ತಿತ್ತು. ಒಂದು ಮಾತು ವಾರಿಜಳ ಹತ್ತಿರ ಹೇಳಿ ಹಗುರಾಗೋಣವೆಂದು ಗೋಡೆಯ ಹತ್ತಿರ ಹೋದೆ. ರೋಸಲಿನ್‌ನ ಜಗಲಿಯಲ್ಲಿ ಇಬ್ಬರೂ ಹೂವಿನ ರಾಶಿಯ ಎದುರು ಕೂತು ಯಾವುದೋ ಸುದ್ದಿಗೆ ಬಿದ್ದು ಬಿದ್ದು ನಗುತ್ತಿದ್ದರು. ನನ್ನನ್ನು ಕಂಡದ್ದೇ ರೋಸಲಿನ್ ಕೂಗಿದರು.

"ಉಮಾನಾಥಣ್ಣ, ಸುಮ್ಮನೆ ನಿಂತು ಎಂತ ನೋಡ್ತೀರಿ? ಇವತ್ತು ಹೂ ಜಾಸ್ತಿ, ನಾರು ಸಾಲುವುದಿಲ್ಲ. ಬಂದು ಸೀಳಿ ಕೊಡಿ."

ನನಗೆ ಸೀಳಲು ಬರುವುದಿಲ್ಲ ಎಂದೆ. ಬೆಂಜಮಿನ್ ಬಾಗಿಲಿನಲ್ಲಿ ಕಾಣಿಸಿ, ತನಗೂ ಬರುವುದಿಲ್ಲ, ಆದರೂ ಕೂರಿಸಿದ್ದಾರೆ ಎಂದ. ಗೇಟು ದಾಟಿ ಹೋಗಿ ಅವನ ಪಕ್ಕದಲ್ಲಿ ಕೂತೆ.